ಅರ್ಧ ನಿಮಿಷ ಸಾಕು

ಮನೆಯಲ್ಲೇ ಫೋನಿನಲ್ಲಿ ತೆಗೆಯುವ ನನ್ನ ಸಿನಿಮಾಗಳಲ್ಲಿ ಕಥೆ ಇರುವುದಿಲ್ಲ. ಅಮ್ಮ ಅವರೆಕಾಯಿ ಸುಲಿಯುತ್ತಾರೆ, ಸಿಲಿಂಡರ್‌ನವನು ಬರುತ್ತಾನೆ, ಕರೆಂಟ್ ಹೋದರೆ ಎಲ್ಲರೂ ಆಚೆ ಬಂದು ಕೂರುತ್ತಾರೆ. ಇಷ್ಟೇ.

ದಿನಚರಿ ಬರೆದ ಹಾಗೆ ತೆಗೆಯುವ ಇಂಥ ಡೈರಿ ಸಿನಿಮಾಗಳಿಗೆ ಹೆಸರಾದವರು ಜೋನಸ್ ಮೇಕಸ್. ಲಿಥುವೇನಿಯಾದವರು, 1949ರಲ್ಲಿ ನ್ಯೂಯಾರ್ಕ್ ಸೇರಿದರು. ಅವರ ಬೋಲೆಕ್ಸ್ ಕ್ಯಾಮೆರಾಕ್ಕೆ ಗಡಿಯಾರದ ಥರ ಕೀಲಿ ಕೊಡಬೇಕಿತ್ತು, ಒಂದು ಸಲ ಕೊಟ್ಟರೆ ಅರ್ಧ ನಿಮಿಷದಷ್ಟು ಓಡಿ ನಿಲ್ಲುತ್ತಿತ್ತು. ಫೋನಿಗೆ ಆ ಕಟ್ಟುಪಾಡು ಇಲ್ಲ, ಅದಕ್ಕೇ ನಾನೇ ಹಾಕಿಕೊಂಡೆ: ಒಂದು ಶಾಟ್ ಅರ್ಧ ನಿಮಿಷ ದಾಟಬಾರದು. ಇದರಿಂದ ಏನಾಯ್ತು ಅಂದ್ರೆ, ಸುಮ್ನೆ ರೆಕಾರ್ಡ್ ಒತ್ತಿ ಕಾಯುವುದು ತಪ್ಪಿತು, ಅಮ್ಮನ ಕೈ ಎಲ್ಲಿ ನಿಲ್ಲುತ್ತೆ, ಯಾವಾಗ ತಿರುಗುತ್ತೆ ಅಂತ ಮೊದಲೇ ನೋಡಿಟ್ಟುಕೊಂಡು ಆಮೇಲೆ ಫೋನ್ ಎತ್ತುವ ಅಭ್ಯಾಸ ಬಂತು.

ಅಡುಗೆಮನೆಯ ಟ್ಯೂಬ್‌ಲೈಟ್ ಬಗ್ಗೆ ಒಂದು ಮಾತು. ನಮ್ಮಲ್ಲಿ ಕರೆಂಟ್ 50 ಹರ್ಟ್ಸ್, ಅಂದ್ರೆ ಸೆಕೆಂಡಿಗೆ 50 ಆವರ್ತ. ಫೋನ್ ತಾನಾಗಿಯೇ ಸೆಕೆಂಡಿಗೆ 30 ಫ್ರೇಮ್ ತೆಗೆಯುತ್ತೆ, ಎರಡಕ್ಕೂ ತಾಳ ಕೂಡದೆ ಗೋಡೆ ಮೇಲೆ ಬೆಳಕು ಮಿಣುಕುವುದುಂಟು. ಸೆಟ್ಟಿಂಗ್ಸ್ ಕೈಗೆ ಸಿಗುವ ಆ್ಯಪ್ ಹಾಕಿಕೊಂಡು 25 ಫ್ರೇಮ್, ಶಟರ್ (ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಸಮಯ) ಸೆಕೆಂಡಿನ 1/50 ಇಡಿ. ಸರಿಹೋಗುತ್ತೆ.

ಚಿತ್ರಕ್ಕಿಂತ ಸದ್ದಿಗೆ ನಾನು ಜಾಸ್ತಿ ಟೈಮ್ ಕೊಡುತ್ತೇನೆ. ಶಾಟ್ ಮುಗಿದ ಮೇಲೆ ಫೋನನ್ನು ಅಲ್ಲೇ ಕಪಾಟಿನ ಮೇಲಿಟ್ಟು ಬರೀ ಸದ್ದು ರೆಕಾರ್ಡ್ ಮಾಡುತ್ತೇನೆ: ಪಕ್ಕದ ಮನೆ ಮಿಕ್ಸಿ, ಕುಕ್ಕರ್, ಬೀದಿಯಲ್ಲಿ ಸೊಪ್ಪಿನವಳ ಕೂಗು. ಚೂರುಚೂರಾದ ಶಾಟ್‌ಗಳ ಕೆಳಗೆ ಇದೊಂದನ್ನೇ ಉದ್ದಕ್ಕೆ ಹಾಸಿದರೆ ಎಲ್ಲ ಒಂದೇ ಮಧ್ಯಾಹ್ನದ್ದು ಅನ್ನಿಸುತ್ತೆ. ಹಿನ್ನೆಲೆ ಸಂಗೀತ ಹಾಕೋದಿಲ್ಲ. ಪಿಟೀಲು ಬಂತೋ, ಅವರೆಕಾಯಿ ಸುಲಿಯೋದೂ ಕರುಣಾಜನಕ ಆಗಿಬಿಡುತ್ತೆ, ಅಲ್ವಾ?

ಎಡಿಟಿಂಗ್‌ಗೆ ಡಾವಿಂಚಿ ರಿಸಾಲ್ವ್ ಅನ್ನೋ ಸಾಫ್ಟ್‌ವೇರ್‌ನ ಉಚಿತ ಆವೃತ್ತಿ ಸಾಕು. ಆದರೆ ತೆಗೆದ ಕೂಡಲೇ ಕೂರಬೇಡಿ, ಕೆಲವು ತಿಂಗಳು ಬಿಡಿ. ಆಗ ಚೆನ್ನಾಗಿ ಬಂತು ಅಂದುಕೊಂಡ ಸೂರ್ಯಾಸ್ತಗಳೆಲ್ಲ ಬೇಡ ಅನ್ನಿಸುತ್ತವೆ, ಸಿಲಿಂಡರ್‌ನವನು ಚೀಟಿ ಹರಿದುಕೊಟ್ಟದ್ದು ಉಳಿಯುತ್ತೆ.

ಕಷ್ಟ ಅಂದ್ರೆ ಮನೆಯವರು. "ಲೋ, ಫೋನ್ ಆಚೆ ಇಡೋ, ತಲೆನೂ ಬಾಚಿಲ್ಲ" ಅಂತ ಅಮ್ಮ. ಈಗ ನಮ್ಮಿಬ್ಬರಲ್ಲಿ ಒಪ್ಪಂದ ಇದೆ. ತೆಗೆಯುವಾಗ ಅವರು ಬೈಯೋ ಹಾಗಿಲ್ಲ, ಆದರೆ ಮೊದಲು ನೋಡುವವರು ಅವರೇ, ಬೇಡ ಅಂದದ್ದು ಡಿಲೀಟ್. ಹೋದ ಸಲ ಚಿಕ್ಕಮ್ಮನ ಜೊತೆ ಫೋನಲ್ಲಿ ಜಗಳ ಆಡಿದ ಶಾಟ್ ಹೋಯ್ತು. ಇಡೀ ಸಿನಿಮಾದಲ್ಲಿ ಅದೇ ಚೆನ್ನಾಗಿತ್ತು.