ಹಾಡಿದ ಸ್ವರಕ್ಕೆ ಬೆಳಗುವ ಏಳು ಕಂಬದ ಮಂಟಪ: ಮೇಜಿನ ಮೇಲೆ ಕಟ್ಟುವ ಬಗೆ

ಹಂಪಿಯ ವಿಜಯ ವಿಠ್ಠಲ ದೇವಸ್ಥಾನದ ರಂಗಮಂಟಪದಲ್ಲಿ ಕಂಬ ತಟ್ಟಿದರೆ ನಾದ. ಇಲ್ಲಿ ಕಟ್ಟುವುದು ಅದರ ತಿರುವುಮುರುವು: ಊಹೆಯಲ್ಲಷ್ಟೇ ಇರುವ ಮಂಟಪವೊಂದರ ಮಾದರಿ. ಎದುರು ಕೂತು ಹಾಡಿದರೆ ಆ ಸ್ವರದ ಕಂಬ ಬೆಳಗುತ್ತದೆ. ಸದ್ದಿನ ಜೋರಿಗೆ ಮಿನುಗುವ ದೀಪ ಸಾಕೆಂದರೆ ಇಷ್ಟು ಪಾಡು ಬೇಡ. ಕಂಬಕ್ಕೆ ಸ್ವರ ಗೊತ್ತಾಗಬೇಕು, ಶ್ರಮವೆಲ್ಲ ಅಲ್ಲೇ.

ಬಣ್ಣಗಳನ್ನು ನಾವು ಹುಡುಕಬೇಕಿಲ್ಲ, ಸ್ವರಗಳ ಬಗೆಗಿನ ಹಳೆಯ ಸಂಸ್ಕೃತ ಗ್ರಂಥ ನಾರದೀಯ ಶಿಕ್ಷೆ ಹೇಳಿಟ್ಟಿದೆ: ಷಡ್ಜಕ್ಕೆ ತಾವರೆ, ರಿಷಭಕ್ಕೆ ಗಿಳಿ, ಗಾಂಧಾರಕ್ಕೆ ಚಿನ್ನ, ಮಧ್ಯಮಕ್ಕೆ ಕುಂದ ಮಲ್ಲಿಗೆಯ ಬಿಳಿ, ಪಂಚಮಕ್ಕೆ ಕಪ್ಪು, ಧೈವತಕ್ಕೆ ಹಳದಿ, ನಿಷಾದಕ್ಕೆ ಎಲ್ಲ ಬಣ್ಣ. ದೀಪದ ಬಣ್ಣದ ಅಂಕಿಗಳನ್ನು (0ರಿಂದ 255) ಕೆಂಪು, ಹಸಿರು, ನೀಲಿ ಕ್ರಮದಲ್ಲಿ ಸ 255-40-70, ರಿ 120-220-20, ಗ 255-110-0, ಮ 200-190-130, ಧ 255-190-0 ಎಂದು ಶುರುಮಾಡಿ. ಮಧ್ಯಮದಲ್ಲಿ ನೀಲಿ ಕಡಿಮೆ ಇಡದಿದ್ದರೆ ಮಲ್ಲಿಗೆಯ ಬದಲು ಟ್ಯೂಬ್‌ಲೈಟ್ ಕಾಣುತ್ತದೆ. ನಿಷಾದದ 12 ದೀಪಗಳಿಗೆ ಕಾಮನಬಿಲ್ಲನ್ನು ಕೆಳಗಿನಿಂದ ಮೇಲಕ್ಕೆ ಹಂಚಿ. ಉಳಿದದ್ದು ಕಪ್ಪು, ಅದನ್ನು ದೀಪ ಉರಿಸಿ ತೋರಿಸಲಾಗದು. ಅದಕ್ಕೆ ಪಂಚಮದ ಕಂಬ ಸದಾ ಮಂದ ನೀಲಿಯಲ್ಲಿ (0-0-60) ಉರಿಯುತ್ತಿರಲಿ, ಪ ಹಾಡಿದಾಗ ಆರಿಹೋಗಲಿ. ಇಡೀ ಮಂಟಪದಲ್ಲಿ ನೋಡಲು ಅತಿ ಚೆಂದದ ಗಳಿಗೆ ಅದೇ.

ತಳಕ್ಕೆ 6 ಮಿಮೀ ಎಂಡಿಎಫ್‌ನ 400 ಮಿಮೀ ವ್ಯಾಸದ ವೃತ್ತ, ಚಾವಣಿಗೆ ಅಷ್ಟೇ ಅಗಲದ ಸನ್‌ಬೋರ್ಡ್. ತಳದ ಮೇಲೆ 150 ಮಿಮೀ ತ್ರಿಜ್ಯದ ವೃತ್ತ ಎಳೆದು, ಕೈವಾರವನ್ನು 130 ಮಿಮೀಗೆ ತೆರೆದು ಏಳು ಸಲ ಹೆಜ್ಜೆ ಹಾಕಿದರೆ ಕಂಬಗಳ ಜಾಗ ಸಿಗುತ್ತದೆ. ಕಂಬವೆಂದರೆ 25 ಮಿಮೀ ವ್ಯಾಸ, 210 ಮಿಮೀ ಎತ್ತರದ ಪಾರದರ್ಶಕ ಅಕ್ರಿಲಿಕ್ ಕೊಳವೆ, ಒಳಗೆ ಒಂದು ಸುತ್ತು ಬಟರ್ ಪೇಪರ್. ಪ್ರತಿ ದೀಪದ ಬಣ್ಣವನ್ನೂ ಬೇರೆಬೇರೆ ಹೇಳಬಹುದಾದ, ಮೀಟರಿಗೆ 60 ಎಲ್ಇಡಿ ದೀಪದ ಡಬ್ಲ್ಯುಎಸ್2812ಬಿ ಪಟ್ಟಿಯಿಂದ 12 ದೀಪದ ತುಂಡುಗಳನ್ನು ಕತ್ತರಿಸಿ. ಪಟ್ಟಿ ಕೊಳವೆಯ ಹಿಂಬದಿಗೆ ಒತ್ತಿರಲಿ. ನಡುವಿಗೆ ಬಂದರೆ ದೀಪಗಳು ಚುಕ್ಕಿಚುಕ್ಕಿಯಾಗಿ ಕಾಣುತ್ತವೆ.

84 ದೀಪ ಪೂರ್ಣ ಬಿಳಿಯಲ್ಲಿ ಉರಿದರೆ ಸುಮಾರು 5 ಆಂಪಿಯರ್ ಎಳೆಯುತ್ತವೆ. ಪ್ರೋಗ್ರಾಮಿನಲ್ಲಿ 2.5 ಆಂಪಿಯರ್ ಮಿತಿ ಹಾಕಿ, 5 ವೋಲ್ಟ್ 4 ಆಂಪಿಯರ್ ಅಡಾಪ್ಟರ್ ಕೊಡಿ, ಅದರ ತುದಿಗೆ 1000 ಮೈಕ್ರೋಫ್ಯಾರಡ್ ಕೆಪಾಸಿಟರ್ ಸೇರಿಸಿ. ಡೇಟಾ ತಂತಿ ಒಂದು ಕಂಬದ ತುದಿಯಿಂದ ಇಳಿದು ಮುಂದಿನದರ ಬುಡಕ್ಕೆ ಹೋಗುತ್ತದೆ. ಕರೆಂಟು ಹಾಗಲ್ಲ, ತಳದಡಿ ತಂತಿಯ ಬಳೆ ಮಾಡಿ ಪ್ರತಿ ಕಂಬಕ್ಕೂ ಬೇರೆಯಾಗಿ ಕೊಡಿ. ಮೊದಲ ಕಂಬಕ್ಕಷ್ಟೇ ಕೊಟ್ಟರೆ ವೋಲ್ಟೇಜ್ ಕುಸಿದು, ನೀಲಿ ಮೊದಲು ಸೋತು, ಕೊನೆಯ ಕಂಬದ ಬಣ್ಣ ಕೆಂಪಿಗೆ ತಿರುಗುತ್ತದೆ.

ಮಿದುಳು ಪ್ರೋಗ್ರಾಂ ಓಡಿಸುವ ಪುಟ್ಟ ಬೋರ್ಡ್ ಇಎಸ್‌ಪಿ32, ಕಿವಿ ಐಎನ್‌ಎಂಪಿ441 ಮೈಕ್. ಮೈಕಿಗೆ 3.3 ವೋಲ್ಟ್ ಮಾತ್ರ. ಇಎಸ್‌ಪಿ32 ಹೊರಡಿಸುವ 3.3 ವೋಲ್ಟ್ ಸಂಕೇತ 5 ವೋಲ್ಟಿನ ಪಟ್ಟಿಗೆ ಸಾಲದು, ಕನಿಷ್ಠ 3.5 ಬೇಕು. ನಡುವೆ ಸಂಕೇತವನ್ನು 5 ವೋಲ್ಟಿಗೆ ಏರಿಸುವ 74ಎಎಚ್‌ಸಿಟಿ125 ಚಿಪ್ ಇಟ್ಟು, ಬಳಸುವ ಗೇಟಿನ ಎನೇಬಲ್ ಕಾಲನ್ನು ಗ್ರೌಂಡಿಗೆ ಕಟ್ಟಿ. ಅದು ಮರೆತರೆ ಒಂದು ದೀಪವೂ ಹತ್ತದು.

ಇನ್ನು ಸ್ವರ. ಶ್ರುತಿಪೆಟ್ಟಿಗೆಯ ಒಂದನೇ ಮನೆಯ, ಮಂದ್ರದ (ಕೆಳಗಿನ) ಕಡೆಯ ಶ್ರುತಿಯಲ್ಲಿ ಸ 130.8 ಹರ್ಟ್ಜ್, ಅದರ ಮೇಲಿನ ಮೊದಲ ಸ್ಥಾನವಾದ ಶುದ್ಧ ರಿಷಭಕ್ಕೂ ಅದಕ್ಕೂ ಅಂತರ 8 ಹರ್ಟ್ಜ್‌ನಷ್ಟೇ. ಸೆಕೆಂಡಿಗೆ ಧ್ವನಿಯ 16,000 ಮಾದರಿ (ಸ್ಯಾಂಪಲ್) ತೆಗೆದು, ಧ್ವನಿಯನ್ನು ಆವೃತ್ತಿಗಳಾಗಿ ಬಿಡಿಸುವ ಲೆಕ್ಕವಾದ 2048ರ ಎಫ್‌ಎಫ್‌ಟಿ ಮಾಡಿದರೆ ಆವೃತ್ತಿಯ ಒಂದೊಂದು ಖಾನೆ 7.8 ಹರ್ಟ್ಜ್ ಅಗಲ, ಎರಡೂ ಸ್ವರ ಬೆರೆಯುತ್ತವೆ. 4096 ತೆಗೆದುಕೊಳ್ಳಿ. ಅದಕ್ಕೆ ಕಾಲು ಸೆಕೆಂಡಿನ ಧ್ವನಿ ಬೇಕು, ಆದರೆ ಪ್ರತಿ 1024 ಹೊಸ ಮಾದರಿಗೊಮ್ಮೆ ಲೆಕ್ಕ ಹಾಕಿದರೆ ಬೆಳಕು ತೀರ ಹಿಂದೆ ಬೀಳದು. ಶ್ರುತಿಯನ್ನು ಟೈಪ್ ಮಾಡಬೇಡಿ, ಒಂದು ಗುಂಡಿ ಇಡಿ: ಒತ್ತಿ 3 ಸೆಕೆಂಡ್ ಸ ಹಿಡಿದರೆ ಅದೇ ಆಧಾರ. ಆಮೇಲೆ ಬಂದ ಸ್ವರದ ಆವೃತ್ತಿಯನ್ನು ಆ ಆಧಾರದಿಂದ ಭಾಗಿಸಿ, 2ರ ಮೂಲದ ಲಾಗ್ ತೆಗೆದು, 12ರಿಂದ ಗುಣಿಸಿ, ಹತ್ತಿರದ ಪೂರ್ಣಾಂಕಕ್ಕೆ ತಂದು, 12 ಕೂಡಿ ಅಥವಾ ಕಳೆದು 0ರಿಂದ 11ರೊಳಗೆ ಇಳಿಸಿದರೆ ಸ್ವರಸ್ಥಾನ. ರಿ, ಗ, ಮ, ಧ, ನಿಗಳ ಕೆಳಗಿನ ಸ್ಥಾನಕ್ಕೆ ಅರ್ಧ ಕಂಬ, ಮೇಲಿನದಕ್ಕೆ ಪೂರ್ತಿ.

ಎಲ್ಲರೂ ಎಡವುವುದು ಇಲ್ಲಿ: ಸ ಹಾಡುತ್ತಿದ್ದರೂ ಪಂಚಮದ ಕಂಬ ಆರುತ್ತದೆ. ಕಂಠದಲ್ಲಿ ಮೂಲಕ್ಕಿಂತ ಅದರ ಮೂರು ಪಟ್ಟಿನ ಆವೃತ್ತಿ ಬಲವಾಗಿರುವುದುಂಟು, ಷಡ್ಜದ ಮೂರು ಪಟ್ಟು ಎಂದರೆ ಪಂಚಮವೇ. ಅತಿ ಎತ್ತರದ ಶಿಖರ ಹುಡುಕುವ ಬದಲು, ಪ್ರತಿ ಆವೃತ್ತಿಯ ಬಲವನ್ನು ಅದರ ಎರಡು ಮತ್ತು ಮೂರು ಪಟ್ಟಿನ ಬಲದೊಂದಿಗೆ ಗುಣಿಸಿ, ಗುಣಲಬ್ಧ ದೊಡ್ಡದಿರುವಲ್ಲಿ ಮೂಲವಿದೆ ಎನ್ನಿ. ಹುಡುಕಾಟ ಮಂದ್ರ (ಕೆಳಗಿನ) ಪಂಚಮದಿಂದ ತಾರ (ಮೇಲಿನ) ಪಂಚಮದೊಳಗಿರಲಿ. ತಂಬೂರಿಯನ್ನು ಒಂದೂವರೆ ಮೀಟರ್ ದೂರ ಇಟ್ಟು, ಮೈಕನ್ನು ಬಾಯಿಂದ 30 ಸೆಂಮೀ ಒಳಗೆ ತನ್ನಿ. ಹಾಡುವ ಮೊದಲು 5 ಸೆಕೆಂಡ್ ತಂಬೂರಿಯನ್ನಷ್ಟೇ ಕೇಳಿಸಿ ಆ ಸರಾಸರಿಯನ್ನು ಕಳೆಯಿರಿ.

ಸ್ವರವನ್ನು ಅಲುಗಿಸುವ ಗಮಕಕ್ಕೆ ಅಕ್ಕಪಕ್ಕದ ಕಂಬಗಳು ಹಾರಾಡಿದರೆ, ಸತತ ಎರಡು ಲೆಕ್ಕ ಒಂದೇ ಸ್ವರ ಹೇಳಿದಾಗ ಮಾತ್ರ ದೀಪ ಹೊತ್ತಿಸಿ. ಆರುವುದು ನಿಧಾನವಾಗಿ, 600 ಮಿಲಿಸೆಕೆಂಡ್‌ನಲ್ಲಿ. ಕಾಂಭೋಜಿಯ ಗಾಂಧಾರ ಅಲುಗಾಡುವುದು ಕಂಡರೆ ಅದನ್ನು ದೋಷವೆಂದು ಪೂರ್ತಿ ಒರೆಸಬೇಡಿ, ರಾಗ ಇರುವುದೇ ಹಾಗೆ. ಕನಕಾಂಗಿಯಂಥ ವಿವಾದಿ ಮೇಳಕ್ಕೆ (ಒಂದು ಸ್ವರ ಇನ್ನೊಂದರ ಸ್ಥಾನದಲ್ಲಿ ಕೂರುವ ರಾಗಕ್ಕೆ) ಮಾತ್ರ ಸ್ವರಸ್ಥಾನಗಳ ಬೇರೆ ಪಟ್ಟಿ ಬರೆಯಬೇಕು: ಅದರ ಶುದ್ಧ ಗಾಂಧಾರ ಚತುಶ್ರುತಿ ರಿಷಭದ (ಮೇಲಿನ ರಿ) ಜಾಗದಲ್ಲೇ ಕೂತಿರುವುದರಿಂದ ಚಿನ್ನದ ಬದಲು ಗಿಳಿಯ ಕಂಬ ಬೆಳಗುತ್ತದೆ.