ಪಾರ್ಟಿಗೆ ಎಷ್ಟು ಪಾನೀಯ ಬೇಕು? ಲೋಟದಿಂದ ಬಾಟಲಿಗೆ ಸಾಗುವ ಲೆಕ್ಕ

ಪಾರ್ಟಿಗೆ ಪಾನೀಯ ಕೊಳ್ಳಲು ಹೊರಟವರು ಮೊದಲು ಕೇಳುವ ಪ್ರಶ್ನೆ ಎಷ್ಟು ಬಾಟಲಿ ಬೇಕು ಎಂಬುದು. ಆದರೆ ಅತಿಥಿಗಳು ಕುಡಿಯುವುದು ಲೋಟದ ಲೆಕ್ಕದಲ್ಲಿ. ಬಾಟಲಿ ಎಂಬುದು ಅಂಗಡಿಯ ಅಳತೆ. ಒಂದು ಬಗೆಯ ಬಾಟಲಿಯಿಂದ ಐದು ಲೋಟ ಬಂದರೆ ಅಷ್ಟೇ ಗಾತ್ರದ ಇನ್ನೊಂದು ಬಾಟಲಿಯಿಂದ ಹದಿನಾರು ಬರುತ್ತವೆಯಾದ್ದರಿಂದ, ಬಾಟಲಿಯಿಂದ ಆರಂಭಿಸಿದ ಲೆಕ್ಕ ಎಲ್ಲೋ ಒಂದು ಕಡೆ ದಾರಿ ತಪ್ಪುತ್ತದೆ. ಮೊದಲು ಒಟ್ಟು ಎಷ್ಟು ಲೋಟ ಎಂದು ಅಂದಾಜು ಮಾಡಿ, ಅದನ್ನು ಬಗೆಬಗೆಯ ಪಾನೀಯಗಳಿಗೆ ಹಂಚಿ, ಕೊನೆಗಷ್ಟೇ ಬಾಟಲಿಗೆ ಬದಲಾಯಿಸಿಕೊಳ್ಳುವುದು ಸರಿಯಾದ ಕ್ರಮ.

ಲೋಟಗಳ ಅಂದಾಜಿಗೆ ಬಹುಕಾಲದಿಂದ ಬಳಕೆಯಲ್ಲಿರುವ ಸೂತ್ರವೊಂದಿದೆ. ಮೊದಲ ಗಂಟೆಗೆ ತಲಾ ಎರಡು ಲೋಟ, ಆಮೇಲಿನ ಪ್ರತಿ ಗಂಟೆಗೆ ತಲಾ ಒಂದು. ಬಂದವರು ದಾರಿಯ ದಣಿವಿನಿಂದಲೂ ಪರಿಚಯವಿಲ್ಲದವರ ನಡುವಿನ ಸಂಕೋಚದಿಂದಲೂ ಆರಂಭದಲ್ಲಿ ಬೇಗ ಕುಡಿಯುತ್ತಾರೆ, ಮಾತು ಕುದುರಿದ ಮೇಲೆ ಲೋಟ ಕೈಯಲ್ಲೇ ಉಳಿಯುತ್ತದೆ. ನಾಲ್ಕು ಗಂಟೆಯ ಪಾರ್ಟಿಗೆ ಈ ಸೂತ್ರದಂತೆ ತಲಾ ಐದು ಲೋಟವಾಗುತ್ತದೆ. ಇದು ಕೊಳ್ಳುವವರಿಗಾಗಿ ಇರುವ ಸೂತ್ರವೇ ಹೊರತು ಇಷ್ಟು ಮದ್ಯ ಕುಡಿಯಬಹುದು ಎಂಬ ಸಲಹೆಯಲ್ಲ. ಮದ್ಯವನ್ನು ಅರಗಿಸುವ ಯಕೃತ್ತಿನ ವೇಗ ಸಾಧಾರಣವಾಗಿ ಗಂಟೆಗೆ ಒಂದು ಲೋಟಕ್ಕಿಂತ ಹೆಚ್ಚಿಲ್ಲ, ಅನೇಕರಲ್ಲಿ ಅದಕ್ಕಿಂತಲೂ ಕಡಿಮೆ.

ಗಂಟೆಗಳನ್ನು ಎಣಿಸುವಾಗ ಆಹ್ವಾನದಲ್ಲಿ ಬರೆದ ಸಮಯಕ್ಕಿಂತ ಜನ ನಿಜವಾಗಿ ಇರುವ ಸಮಯವನ್ನು ನೋಡಬೇಕು. ಎಲ್ಲರೂ ಅರ್ಧ ಗಂಟೆ ತಡವಾಗಿ ಬರುವ ಬಳಗವಾದರೆ ಆ ಅರ್ಧ ಗಂಟೆಯನ್ನು ಬಿಡಬಹುದು. ಹೊರಡುವಾಗ ಬಾಗಿಲ ಬಳಿ ನಿಂತು ಮತ್ತೊಂದು ಗಂಟೆ ಹರಟುವ ಬಳಗವಾದರೆ ಅದನ್ನು ಸೇರಿಸಿಕೊಳ್ಳಬೇಕು. ತಲೆ ಎಣಿಕೆಯಲ್ಲಿಯೂ ಇದೇ ಎಚ್ಚರ ಬೇಕು. ಕರೆದವರ ಸಂಖ್ಯೆ ಬೇರೆ, ಬರುತ್ತೇವೆ ಎಂದವರ ಸಂಖ್ಯೆ ಬೇರೆ. ಲೆಕ್ಕಕ್ಕೆ ಬೇಕಾದದ್ದು ಎರಡನೆಯದು. ಬಿಸಿಲು, ನೃತ್ಯ, ಉಪ್ಪು ಮತ್ತು ಖಾರ ಮುಂದಾದ ತಿನಿಸು ಇವೆಲ್ಲ ಲೋಟಗಳ ಸಂಖ್ಯೆಯನ್ನು ಏರಿಸುತ್ತವೆ. ಮೇಜಿಗೆ ಕುಳಿತು ಮಾಡುವ ಊಟ ಅದನ್ನು ಇಳಿಸುತ್ತದೆ, ಆದರೆ ಆ ಹೊತ್ತಿನಲ್ಲಿ ನೀರಿನ ಬಳಕೆ ಹೆಚ್ಚುತ್ತದೆ.

ಮುಂದಿನ ಹೆಜ್ಜೆ ಹಂಚಿಕೆ. ಮದ್ಯ ಕುಡಿಯುವವರು, ಕುಡಿಯದವರು ಎಂದು ಅತಿಥಿಗಳನ್ನು ಮೊದಲು ಎರಡಾಗಿ ವಿಂಗಡಿಸಬೇಕು. ಮಕ್ಕಳು, ಗರ್ಭಿಣಿಯರು, ವಾಹನ ಓಡಿಸಿಕೊಂಡು ಹಿಂದಿರುಗುವವರು, ಔಷಧಿ ತೆಗೆದುಕೊಳ್ಳುತ್ತಿರುವವರು, ಮದ್ಯ ಬೇಡವೆನ್ನುವವರು ಇವರೆಲ್ಲ ಎರಡನೆಯ ಗುಂಪಿಗೆ ಸೇರುತ್ತಾರೆ. ಆತಿಥೇಯರು ಸಾಮಾನ್ಯವಾಗಿ ಈ ಗುಂಪನ್ನು ನಿಜಕ್ಕಿಂತ ಚಿಕ್ಕದೆಂದು ಭಾವಿಸಿ, ನಾಲ್ಕು ಬಗೆಯ ಮದ್ಯದ ಪಕ್ಕದಲ್ಲಿ ಒಂದೇ ಬಗೆಯ ತಂಪು ಪಾನೀಯ ಇಟ್ಟು ಕೈತೊಳೆದುಕೊಳ್ಳುತ್ತಾರೆ. ಮದ್ಯ ಕುಡಿಯುವವರೂ ಸಂಜೆಯೆಲ್ಲ ಅದನ್ನೇ ಕುಡಿಯುವುದಿಲ್ಲ ಎಂಬುದನ್ನು ಮರೆಯಬಾರದು. ಅವರಿಗೂ ನಡುನಡುವೆ ಕನಿಷ್ಠ ಒಂದು ಲೋಟ ಬೇರೆ ಪಾನೀಯ ಬೇಕಾಗುತ್ತದೆಂದು ಇಟ್ಟುಕೊಳ್ಳುವುದು ಒಳ್ಳೆಯದು. ಬಿಯರ್, ವೈನ್, ವಿಸ್ಕಿಯಂಥ ತೀಕ್ಷ್ಣ ಮದ್ಯ ಇವುಗಳ ನಡುವಿನ ಪಾಲಿಗೆ ಎಲ್ಲರಿಗೂ ಹೊಂದುವ ಸೂತ್ರವಿಲ್ಲ. ಬರುವವರ ರುಚಿ ತಿಳಿದಿದ್ದರೆ ಅದೇ ಸೂತ್ರ. ತಿಳಿಯದಿದ್ದರೆ ಅರ್ಧದಷ್ಟನ್ನು ಬಿಯರಿಗೆ ಬಿಟ್ಟು, ಉಳಿದರ್ಧದಲ್ಲಿ ವೈನಿಗೆ ಸ್ವಲ್ಪ ಹೆಚ್ಚು ಕೊಟ್ಟು ಆರಂಭಿಸಬಹುದು.

ಇನ್ನು ಲೋಟವನ್ನು ಬಾಟಲಿಗೆ ಬದಲಾಯಿಸುವ ಲೆಕ್ಕ. ವೈನಿನ 750 ಮಿ.ಲೀ. ಬಾಟಲಿಯಿಂದ 150 ಮಿ.ಲೀ.ಯಂತೆ ಐದು ಲೋಟ ಬರುತ್ತವೆ. ಅದೇ ಗಾತ್ರದ ವಿಸ್ಕಿ, ರಮ್ ಅಥವಾ ವೋಡ್ಕಾ ಬಾಟಲಿಯಿಂದ 45 ಮಿ.ಲೀ.ಯಂತೆ ಹದಿನಾರು, 30 ಮಿ.ಲೀ.ಯಂತೆ ಇಪ್ಪತ್ತೈದು, 60 ಮಿ.ಲೀ.ಯಂತೆ ಹನ್ನೆರಡು ಲೋಟವಾಗುತ್ತದೆ. ಶುಭಾಶಯ ಕೋರಲು ಎಲ್ಲರ ಕೈಗೂ ಕೊಡುವ ನೊರೆ ವೈನ್ 100 ಮಿ.ಲೀ. ಇದ್ದರೆ ಸಾಕು, ಹಾಗಾಗಿ ಒಂದು ಬಾಟಲಿ ಏಳು ಜನಕ್ಕೆ ಆಗುತ್ತದೆ. ಬಿಯರಿನ 330 ಮಿ.ಲೀ. ಬಾಟಲಿ ಅಥವಾ ಡಬ್ಬಿ ಎಂದರೆ ಒಂದು ಲೋಟ, 650 ಮಿ.ಲೀ. ಬಾಟಲಿ ಎಂದರೆ ಎರಡು. 50 ಲೀಟರಿನ ಕೆಗ್, ಅಂದರೆ ಬಿಯರ್ ಪೀಪಾಯಿ, ತರಿಸುವುದಾದರೆ ಕಾಗದದ ಮೇಲೆ 150 ಲೋಟ ಬರುತ್ತದಾದರೂ ನೊರೆಯಲ್ಲಿ ಹೋಗುವುದನ್ನು ಕಳೆದು ಲೆಕ್ಕ ಹಿಡಿಯಬೇಕು. ತಂಪು ಪಾನೀಯದ 2 ಲೀಟರ್ ಬಾಟಲಿಯೂ ಹೀಗೆಯೇ: ಗಣಿತದಂತೆ 200 ಮಿ.ಲೀ.ಯ ಹತ್ತು ಲೋಟ, ಆದರೆ ತಳದಲ್ಲಿ ಉಳಿದು ಗ್ಯಾಸ್ ಹೋದದ್ದನ್ನು ಯಾರೂ ಮುಟ್ಟುವುದಿಲ್ಲವಾದ್ದರಿಂದ ಒಂಬತ್ತು ಎನ್ನುವುದೇ ಕ್ಷೇಮ. ಮದ್ಯಕ್ಕೆ ಬೆರೆಸಲು ಸೋಡಾ, ಟಾನಿಕ್ ಅಥವಾ ಕೋಲಾ ಲೋಟಕ್ಕೆ ಸುಮಾರು 120 ಮಿ.ಲೀ. ಬೇಕು, ಅಂದರೆ 750 ಮಿ.ಲೀ.ಯ ಪ್ರತಿ ಮದ್ಯದ ಬಾಟಲಿಗೆ ಜೊತೆಯಾಗಿ ಸುಮಾರು 2 ಲೀಟರ್.

ಈ ಸಂಖ್ಯೆಗಳೆಲ್ಲ ನಿಲ್ಲುವುದು ಸುರಿಯುವ ಕೈಯ ಮೇಲೆ. ದೊಡ್ಡ ಹೊಟ್ಟೆಯ ವೈನ್ ಲೋಟದಲ್ಲಿ 150 ಮಿ.ಲೀ. ಹಾಕಿದರೆ ಅದು ಅರ್ಧಕ್ಕೂ ಬರುವುದಿಲ್ಲ. ಇಷ್ಟೇನಾ ಎಂದು ಅತಿಥಿ ಅಂದುಕೊಂಡಾರೆಂಬ ಅಳುಕಿನಲ್ಲಿ ಸುರಿಯುವವರು 180ಕ್ಕೆ ಹೋಗುತ್ತಾರೆ, ಆಗ ಬಾಟಲಿಗೆ ಐದರ ಬದಲು ನಾಲ್ಕೇ ಲೋಟ. ಅಂದರೆ ಹತ್ತು ಬಾಟಲಿಯ ಲೆಕ್ಕದಲ್ಲಿ ಎರಡು ಬಾಟಲಿ ಸದ್ದಿಲ್ಲದೆ ಮಾಯ. ಪಾರ್ಟಿಯ ಹಿಂದಿನ ದಿನ ಅಳತೆಯ ಲೋಟದಲ್ಲಿ 150 ಮಿ.ಲೀ. ನೀರು ತೆಗೆದುಕೊಂಡು, ನಾಳೆ ಬಳಸಲಿರುವ ಲೋಟಕ್ಕೇ ಸುರಿದು, ಅದು ಗಾಜಿನ ಯಾವ ಮಟ್ಟಕ್ಕೆ ನಿಲ್ಲುತ್ತದೆ ಎಂದು ಬಡಿಸುವವರೆಲ್ಲ ಒಮ್ಮೆ ನೋಡಿಕೊಂಡರೆ ಈ ಸೋರಿಕೆ ಬಹುಮಟ್ಟಿಗೆ ನಿಲ್ಲುತ್ತದೆ. ತೀಕ್ಷ್ಣ ಮದ್ಯಕ್ಕಂತೂ ಅಳತೆಯ ಬಟ್ಟಲನ್ನು ಬಾಟಲಿಯ ಪಕ್ಕದಲ್ಲೇ ಇಡುವುದು ಲೆಕ್ಕಕ್ಕೂ ಒಳ್ಳೆಯದು, ಕುಡಿಯುವವರಿಗೂ ಒಳ್ಳೆಯದು.

ಒಂದು ಉದಾಹರಣೆಯನ್ನು ಪೂರ್ತಿಯಾಗಿ ಬಿಡಿಸಿ ನೋಡೋಣ. ಬರುವುದು ಖಚಿತವೆಂದು ತಿಳಿಸಿದವರು 40 ಮಂದಿ, ಪಾರ್ಟಿ ನಾಲ್ಕು ಗಂಟೆಯದು, ಮದ್ಯ ಕುಡಿಯುವವರು 28. ತಲಾ ಐದರಂತೆ ಒಟ್ಟು 200 ಲೋಟ. ಅದರಲ್ಲಿ ಮದ್ಯದ ಪಾಲು 140, ಉಳಿದದ್ದು 60. ಮದ್ಯದ 140ರಲ್ಲಿ ಬಿಯರಿಗೆ 70, ವೈನಿಗೆ 40, ತೀಕ್ಷ್ಣ ಮದ್ಯಕ್ಕೆ 30 ಎಂದು ಹಂಚಿದರೆ, 330 ಮಿ.ಲೀ.ಯ ಬಿಯರ್ 70, ವೈನ್ 8 ಬಾಟಲಿ, ತೀಕ್ಷ್ಣ ಮದ್ಯ 2 ಬಾಟಲಿ ಆಗುತ್ತದೆ. ಮದ್ಯವಿಲ್ಲದ 60 ಲೋಟಕ್ಕೆ 12 ಲೀಟರ್, ಮದ್ಯ ಕುಡಿಯುವವರ ನಡುವಿನ ಒಂದೊಂದು ಲೋಟಕ್ಕೆ 5.6 ಲೀಟರ್, ಮದ್ಯಕ್ಕೆ ಬೆರೆಸಲು 3.6 ಲೀಟರ್ ಸೇರಿ ತಂಪು ಪಾನೀಯ, ಸೋಡಾ, ಹಣ್ಣಿನ ರಸಗಳ ಒಟ್ಟು ಮೊತ್ತ ಸುಮಾರು 21 ಲೀಟರ್. ಇದರ ಹೊರತಾಗಿ ಕುಡಿಯುವ ನೀರು ತಲಾ ಅರ್ಧ ಲೀಟರಿನಂತೆ 20 ಲೀಟರ್. ನೀರನ್ನು ಪಾನೀಯಗಳ ಪಟ್ಟಿಯಲ್ಲಿ ಬರೆಯದೆ ಬಿಡುವುದು ಬಹಳ ಸಾಮಾನ್ಯ. ಅದು ಮುಗಿದಾಗ ಜನ ಬಾಯಾರಿಕೆಗೆ ಬಿಯರ್ ತೆರೆಯುತ್ತಾರೆ, ಆಗ ಎರಡು ಲೆಕ್ಕವೂ ಕೆಡುತ್ತದೆ.

ಅಂದಾಜಿನ ಮೇಲೆ ಎಷ್ಟು ಹೆಚ್ಚುವರಿ ಇಟ್ಟುಕೊಳ್ಳಬೇಕು ಎಂಬುದೇ ಇಡೀ ವಿಷಯದ ತಿರುಳು. ಎಷ್ಟೇ ಜನರಿರಲಿ, ಕಣ್ಣುಮುಚ್ಚಿ ಶೇಕಡಾ ಹತ್ತು ಸೇರಿಸಿ ಎನ್ನುವ ಸಲಹೆ ಚಿಕ್ಕ ಪಾರ್ಟಿಗೆ ಸಾಲದು, ದೊಡ್ಡ ಪಾರ್ಟಿಗೆ ತುಸು ಅತಿಯಾದೀತು. ಕಾರಣ ಸರಳವಾಗಿದೆ. ಒಬ್ಬರು ಸರಾಸರಿ ಐದು ಲೋಟ ಕುಡಿಯುತ್ತಾರೆ, ಅದರಲ್ಲಿ ಎರಡು ಲೋಟದಷ್ಟು ಹೆಚ್ಚುಕಡಿಮೆ ಸಾಮಾನ್ಯ ಎಂದಿಟ್ಟುಕೊಳ್ಳೋಣ. ಗುಂಪು ದೊಡ್ಡದಾದಂತೆ ಹೆಚ್ಚು ಕುಡಿಯುವವರನ್ನು ಕಡಿಮೆ ಕುಡಿಯುವವರು ಸರಿದೂಗಿಸುತ್ತಾರೆ. ಒಟ್ಟು ಏರಿಳಿತ ಜನಸಂಖ್ಯೆಯಷ್ಟೇ ಬೆಳೆಯದೆ ಅದರ ವರ್ಗಮೂಲದಷ್ಟು ಮಾತ್ರ ಬೆಳೆಯುತ್ತದೆ. ಒಂಬತ್ತು ಜನರ ಪಾರ್ಟಿಯಲ್ಲಿ 45 ಲೋಟದ ಮೇಲೆ ಏರಿಳಿತ ಎರಡರ ಮೂರು ಪಟ್ಟು, ಅಂದರೆ ಆರು. ನೂರು ಜನರಲ್ಲಿ 500 ಲೋಟದ ಮೇಲೆ ಎರಡರ ಹತ್ತು ಪಟ್ಟು, ಅಂದರೆ ಇಪ್ಪತ್ತು. ಕೊರತೆಯಾಗದಿರಲು ಏರಿಳಿತದ ಎರಡರಷ್ಟನ್ನು ಕಾಯ್ದಿರಿಸಿದರೆ ಮೊದಲನೆಯದಕ್ಕೆ 12 ಲೋಟ, ಅಂದರೆ ನಾಲ್ಕನೆಯ ಒಂದು ಭಾಗಕ್ಕಿಂತ ಹೆಚ್ಚು ಬೇಕು. ಎರಡನೆಯದಕ್ಕೆ 40 ಲೋಟ, ಶೇಕಡಾ ಎಂಟು ಮಾತ್ರ. ನಮ್ಮ 40 ಜನರ ಪಾರ್ಟಿಗೆ ಇದು ಸುಮಾರು 25 ಲೋಟ, ಅಂದರೆ ಎಂಟನೆಯ ಒಂದು ಭಾಗ. ಆದರೆ ಈ ಸರಿದೂಗುವಿಕೆ ಕೆಲಸ ಮಾಡುವುದು ಒಬ್ಬರ ಕುಡಿತ ಇನ್ನೊಬ್ಬರಿಗೆ ಸಂಬಂಧಿಸದೆ ಇದ್ದಾಗ. ಸೆಕೆ ಹೆಚ್ಚಾದರೆ ಎಲ್ಲರೂ ಒಟ್ಟಿಗೇ ಹೆಚ್ಚು ಕುಡಿಯುತ್ತಾರೆ. ಅಂಥ ದಿನ ಗುಂಪು ದೊಡ್ಡದೆಂಬ ಧೈರ್ಯ ನೆರವಿಗೆ ಬರುವುದಿಲ್ಲ, ಮೂಲ ಅಂದಾಜನ್ನೇ ಏರಿಸಬೇಕಾಗುತ್ತದೆ.

ಬಗೆಗಳು ಹೆಚ್ಚಾದಷ್ಟೂ ವ್ಯರ್ಥವಾಗುವುದೇಕೆ ಎಂಬುದಕ್ಕೂ ಇದರಲ್ಲೇ ಉತ್ತರವಿದೆ. ಆರು ಬಗೆಯ ಪಾನೀಯ ಇಟ್ಟರೆ 40 ಜನರ ಒಂದು ಪಾರ್ಟಿ ಆರೇಳು ಜನರ ಆರು ಪಾರ್ಟಿಗಳಾಗಿ ಒಡೆಯುತ್ತದೆ, ಪ್ರತಿಯೊಂದಕ್ಕೂ ಚಿಕ್ಕ ಪಾರ್ಟಿಯ ದೊಡ್ಡ ಹೆಚ್ಚುವರಿ ಬೇಕಾಗುತ್ತದೆ, ಸಾಲದ್ದಕ್ಕೆ ಪ್ರತಿ ಬಗೆಯಲ್ಲೂ ಅರ್ಧ ಬಾಟಲಿಯನ್ನು ಪೂರ್ತಿ ಬಾಟಲಿಯಾಗಿಸಿ ಕೊಳ್ಳಬೇಕಾಗುತ್ತದೆ. ಎರಡು ಬಗೆಯ ವೈನ್, ಒಂದು ಬಿಯರ್, ಒಂದೋ ಎರಡೋ ತೀಕ್ಷ್ಣ ಮದ್ಯ, ಮದ್ಯವಿಲ್ಲದವುಗಳಲ್ಲಿ ಮೂರು ಇದ್ದರೆ ಯಾರೂ ಬಡತನ ಕಾಣುವುದಿಲ್ಲ. ಹೆಚ್ಚುವರಿಯನ್ನು ಎಲ್ಲದರ ಮೇಲೂ ಸಮನಾಗಿ ಹರಡುವ ಅಗತ್ಯವೂ ಇಲ್ಲ. ಮುಚ್ಚಳ ತೆರೆದರೂ ಬಹುಕಾಲ ಕೆಡದ ವಿಸ್ಕಿ, ತೆರೆಯದೆ ತಿಂಗಳುಗಟ್ಟಲೆ ಇರುವ ಬಿಯರ್ ಮತ್ತು ಸೋಡಾ, ಅಗ್ಗದ ನೀರು ಇವುಗಳಲ್ಲಿ ಧಾರಾಳವಾಗಿರಬಹುದು. ತಾಜಾ ಹಣ್ಣಿನ ರಸ, ಹಾಲು ಬೆರೆಸಿದ ಪಾನೀಯ, ಮೊದಲೇ ಕಲಸಿಡುವ ಮಿಶ್ರಣಗಳಲ್ಲಿ ಬಿಗಿಯಾದ ಲೆಕ್ಕವೇ ಇರಲಿ. ಅವು ಮುಗಿದರೆ ಅತಿಥಿ ಬೇರೆ ಪಾನೀಯಕ್ಕೆ ಹೋಗುತ್ತಾರೆ. ಉಳಿದರೆ ಮರುದಿನ ಚೆಲ್ಲಬೇಕು.

ಐಸ್ ವಿಷಯದಲ್ಲಿ ಬಹುತೇಕ ಎಲ್ಲರೂ ಕಡಿಮೆ ತರುತ್ತಾರೆ. ಒಂದು ಕಿಲೋ ಐಸ್ ಕರಗುವಾಗ ಸುಮಾರು 334 ಕಿಲೋಜೌಲ್ ಶಾಖವನ್ನು ಹೀರುತ್ತದೆ. ಒಂದು ಲೀಟರ್ ಪಾನೀಯವನ್ನು 30 ಡಿಗ್ರಿಯಿಂದ 5 ಡಿಗ್ರಿ ಸೆಲ್ಸಿಯಸ್‌ಗೆ ಇಳಿಸಲು 105 ಕಿಲೋಜೌಲ್ ಹೊರತೆಗೆಯಬೇಕು. ಹೀಗಾಗಿ ಒಂದು ಕಿಲೋ ಐಸ್ ಮೂರು ಲೀಟರ್ ಪಾನೀಯವನ್ನು ತಣಿಸುತ್ತದೆ, ಅದೂ ಹೊರಗಿನ ಗಾಳಿ ತನ್ನ ಪಾಲು ಕೇಳದಿದ್ದರೆ. ನಮ್ಮ ಉದಾಹರಣೆಯಲ್ಲಿ ಬಿಯರ್, ಬಿಳಿ ವೈನ್, ತಂಪು ಪಾನೀಯಗಳೆಲ್ಲ ಸೇರಿ ತಣಿಸಬೇಕಾದದ್ದು ಸುಮಾರು 47 ಲೀಟರ್, ಅದಕ್ಕೆ 16 ಕಿಲೋ. ಲೋಟಕ್ಕೆ ಹಾಕಲು 80 ಗ್ರಾಮಿನಂತೆ, ಮದ್ಯವಿಲ್ಲದ 60, ಮದ್ಯ ಕುಡಿಯುವವರ ನಡುವಿನ 28, ತೀಕ್ಷ್ಣ ಮದ್ಯದ 30 ಸೇರಿ ನೂರಹದಿನೆಂಟು ಲೋಟಕ್ಕೆ 9 ಕಿಲೋಗಿಂತ ಸ್ವಲ್ಪ ಹೆಚ್ಚು. ಒಟ್ಟು 25 ಕಿಲೋ, ತಲೆಗೆ 600 ಗ್ರಾಮಿಗೂ ಮಿಕ್ಕಿ. ಬಾಟಲಿಗಳನ್ನು ಹಿಂದಿನ ರಾತ್ರಿಯೇ ಫ್ರಿಜ್ಜಿನಲ್ಲಿ ತಣಿಸಿಟ್ಟರೆ ಮೊದಲ ಭಾಗ ಬಹಳ ಇಳಿಯುತ್ತದೆ. ಬಯಲಿನಲ್ಲಿ ಬಿಸಿಲಿದ್ದರೆ ಒಟ್ಟನ್ನೇ ಇಮ್ಮಡಿಸಬೇಕಾದೀತು. ಬರಿಯ ಐಸಿನಲ್ಲಿ ಹುಗಿದ ಬಾಟಲಿಗಿಂತ ಐಸ್ ಮತ್ತು ನೀರು ಬೆರೆತ ಬಕೆಟ್ಟಿನಲ್ಲಿ ಮುಳುಗಿಸಿದ ಬಾಟಲಿ ಬೇಗ ತಣಿಯುತ್ತದೆ, ಏಕೆಂದರೆ ತುಂಡುಗಳ ನಡುವಿನ ಸಂದಿಯಲ್ಲಿ ಗಾಳಿಯ ಬದಲು ನೀರು ಗಾಜನ್ನು ಮುಟ್ಟುತ್ತದೆ. ಹಾಕುವ ನೀರು ಮಾತ್ರ ತಣ್ಣಗಿರಲಿ. ಬೆಚ್ಚಗಿನ ನೀರು ಹಾಕಿದರೆ ಅದನ್ನು ತಣಿಸುವುದರಲ್ಲೇ ಐಸ್ ಖರ್ಚಾಗುತ್ತದೆ. ಲೋಟಕ್ಕೆ ಹಾಕುವ ಐಸನ್ನು ಬೇರೆ ಪೆಟ್ಟಿಗೆಯಲ್ಲೇ ಇಡಬೇಕು, ಬಾಟಲಿ ಮುಳುಗಿಸಿದ ಐಸು ಕುಡಿಯಲು ಯೋಗ್ಯವಲ್ಲ.

ಬಳಸಿ ಎಸೆಯುವ ಲೋಟಗಳಾದರೆ ತಲೆಗೆ ಮೂರು ಬೇಕು. ಕೆಳಗಿಟ್ಟ ಲೋಟ ಯಾರದೆಂದು ಗುರುತು ಸಿಗದೆ ಹೊಸದು ತೆಗೆದುಕೊಳ್ಳುವುದು ಸಹಜ. ಹೆಸರು ಬರೆಯಲು ಪೆನ್ನೊಂದನ್ನು ಪಕ್ಕದಲ್ಲಿ ಇಟ್ಟರೆ ಎರಡಕ್ಕೆ ಇಳಿದೀತು. ಕೊನೆಯ ಗಂಟೆಗೆ ಕಾಫಿ ಇಡುವ ಆಲೋಚನೆ ಇದ್ದರೆ ಅರ್ಧದಷ್ಟು ಜನ 150 ಮಿ.ಲೀ. ಕುಡಿಯುತ್ತಾರೆ ಎಂದು ಹಿಡಿದು, ಲೀಟರ್ ನೀರಿಗೆ 60 ಗ್ರಾಂ ಪುಡಿಯ ಲೆಕ್ಕ ಹಾಕಬಹುದು. ಆದರೆ ಕಾಫಿಯಿಂದ ನಿದ್ದೆ ದೂರವಾಗಬಹುದೇ ಹೊರತು ಮದ್ಯದ ಅಮಲು ಇಳಿಯುವುದಿಲ್ಲ.

ಕೊಳ್ಳುವಾಗಲೇ ಅಂಗಡಿಯವರನ್ನು ಒಂದು ಮಾತು ಕೇಳಬೇಕು: ತೆರೆಯದ ಬಾಟಲಿಗಳನ್ನು ವಾಪಸ್ ತೆಗೆದುಕೊಳ್ಳುತ್ತೀರಾ? ಹೌದೆಂದರೆ ಮೇಲಿನ ಹೆಚ್ಚುವರಿಯ ಚಿಂತೆ ಅರ್ಧ ಕಡಿಮೆಯಾಗುತ್ತದೆ, ಧೈರ್ಯವಾಗಿ ಇನ್ನಷ್ಟು ತರಬಹುದು. ಆದರೆ ವಾಪಸ್ ಹೋಗುವ ಬಾಟಲಿ ಹೊಸದರಂತೆಯೇ ಇರಬೇಕು. ಐಸ್ ನೀರಿನಲ್ಲಿ ನೆಂದು ಚೀಟಿ ಕಿತ್ತುಹೋದದ್ದನ್ನು ಯಾರೂ ಮುಟ್ಟುವುದಿಲ್ಲ. ಆದ್ದರಿಂದ ಎಲ್ಲವನ್ನೂ ಒಟ್ಟಿಗೆ ಬಕೆಟ್ಟಿಗೆ ಇಳಿಸದೆ, ಮೊದಲು ಅಂದಾಜಿನ ಮೂರನೆಯ ಎರಡು ಭಾಗವನ್ನಷ್ಟೇ ತಣಿಸಿ, ಎರಡನೆಯ ಗಂಟೆ ಮುಗಿಯುವ ಹೊತ್ತಿಗೆ ಎಷ್ಟು ಉಳಿದಿದೆ ಎಂದು ನೋಡಿಕೊಂಡು ಮುಂದಿನದನ್ನು ಇಳಿಸುವುದು ಲೇಸು. ಸೂತ್ರದಂತೆ ಆ ಹೊತ್ತಿಗೆ ಐದರಲ್ಲಿ ಮೂರು ಭಾಗ ಖರ್ಚಾಗಿರಬೇಕು. ಅದಕ್ಕಿಂತ ಬಹಳ ಕಡಿಮೆಯಾಗಿದ್ದರೆ ಉಳಿದ ಪೆಟ್ಟಿಗೆಗಳ ಅಂಟುಪಟ್ಟಿ ಬಿಚ್ಚುವ ಅವಸರ ಬೇಡ, ವೈನಿನ ಬಾಟಲಿಗಳನ್ನೂ ಬಗೆಗೊಂದರಂತೆ ಮಾತ್ರ ತೆರೆಯುತ್ತ ಹೋದರೆ ಸಾಕು.