ಮೂರು ತಾರೀಖಿನ ಚೀಟಿ: ಲಿಂಕನ್ ಅವರ ಯುದ್ಧದ ದಿನಗಳನ್ನು ನಾನು ಜೋಡಿಸಿದ ಬಗೆ

ಅಮೆರಿಕದ ಅಂತರ್ಯುದ್ಧದ ಕಾಲದ ಅಧ್ಯಕ್ಷ ಅಬ್ರಹಾಂ ಲಿಂಕನ್ ಬಗ್ಗೆ ನಾನು ಬರೆದ ಪುಸ್ತಕದ ಎರಡನೆಯ ಮುದ್ರಣ ಹೊರಬಂದಿದೆ. ಮೊದಲ ಐನೂರು ಪ್ರತಿಗಳೇ ಅಟ್ಟ ಸೇರುತ್ತವೆ ಎಂದವರು ಬಹಳ ಮಂದಿ. ಅವರಲ್ಲಿ ಕೆಲವರು ಈಗ ‘ಆ ಚೀಟಿ ಪದ್ಧತಿ ಎಂದರೇನು?’ ಎಂದು ಕೇಳುತ್ತಿರುವುದರಿಂದ ಬರೆಯುತ್ತಿದ್ದೇನೆ. ಜೀವನಚರಿತ್ರೆ ಬರೆಯುವವರಿಗೆ, ನೆನಪಿನ ಪುಸ್ತಕಗಳನ್ನು ಗುಡ್ಡೆ ಹಾಕಿಕೊಂಡು ಕೂತವರಿಗೆ ಮಾತ್ರ ಇದು. ಆ ಯುದ್ಧ ಶುರುವಾದ ಸಮ್ಟರ್ ಕೋಟೆ ಎಲ್ಲಿದೆ, ಆಂಟೀಟಮ್‌ನಲ್ಲಿ ಏನಾಯಿತು ಎಂಬುದನ್ನೆಲ್ಲ ವಿವರಿಸಲು ಹೋಗುವುದಿಲ್ಲ.

ಮೊದಲು ಎಲ್ಲರೂ ಹಿಡಿಯುವ ದಾರಿಯನ್ನೇ ಹಿಡಿದೆ. ಕಾರ್ಯದರ್ಶಿಗಳಾಗಿದ್ದ ನಿಕೊಲೆ ಮತ್ತು ಹೇ ಬರೆದ ಹತ್ತು ಸಂಪುಟ, ಕವಿ ಸ್ಯಾಂಡ್‌ಬರ್ಗ್ ಅವರ ಆರು ಸಂಪುಟ, ಲಿಂಕನ್ ಜೊತೆ ವಕೀಲಿ ಮಾಡಿದ್ದ ಹರ್ನ್‌ಡನ್ ಬರೆದ ಮೂರು; ಇವನ್ನು ಎದುರಿಗಿಟ್ಟುಕೊಂಡು ವರ್ಷದಿಂದ ವರ್ಷಕ್ಕೆ ಕಥೆ ಹೇಳುತ್ತಾ ಹೋದೆ. ಒಂದೂವರೆ ವರ್ಷದ ದುಡಿಮೆ, ಹತ್ತಿರ ಹತ್ತಿರ ಇನ್ನೂರು ಪುಟ. ಓದಿ ನೋಡಿದರೆ ಪುಟಪುಟದಲ್ಲೂ ಅದೇ ಗಂಭೀರ, ಅದೇ ದುಃಖಿ, ಅದೇ ಸಂತ. ಕಾರಣ ಹುಡುಕುತ್ತಾ ಹೋದಾಗ ಸಿಕ್ಕಿತು. ನಿಕೊಲೆ ಮತ್ತು ಹೇ ಕೈಗೆ ಅಧ್ಯಕ್ಷರ ಕಾಗದಪತ್ರಗಳು ಬಂದದ್ದು ಮಗ ರಾಬರ್ಟ್ ಲಿಂಕನ್ ಕೃಪೆಯಿಂದ; ಬರೆದದ್ದನ್ನು ಅವರು ಅಚ್ಚಿಗೆ ಮೊದಲು ಓದಿ ತಿದ್ದುತ್ತಿದ್ದರು. ಸೆಂಚುರಿ ಪತ್ರಿಕೆ ಐವತ್ತು ಸಾವಿರ ಡಾಲರ್ ಕೊಟ್ಟು ಅದನ್ನು ಧಾರಾವಾಹಿಯಾಗಿ ಹಾಕಿತು, 1890ರಲ್ಲಿ ಪುಸ್ತಕವಾಯಿತು. ರಾಬರ್ಟ್ 1926ರಲ್ಲಿ ತೀರಿಕೊಂಡರು. ಆಮೇಲೂ ಇಪ್ಪತ್ತೊಂದು ವರ್ಷ ಕಾಗದಗಳಿಗೆ ಬೀಗ. ಸಾರ್ವಜನಿಕರಿಗೆ ತೆರೆದದ್ದು 1947ರ ಜುಲೈ 26ರಂದು. ಅಲ್ಲಿಯವರೆಗೆ ಬಂದ ಚರಿತ್ರೆಗಳಿಗೆ ಹೆಚ್ಚಿನ ಆಸರೆ ಜನರ ನೆನಪೇ. ಹುತಾತ್ಮರಾದವರ ಬಗ್ಗೆ ಇಪ್ಪತ್ತು ವರ್ಷ ಕಳೆದ ಮೇಲೆ ಯಾರು ತಾನೇ ಸಣ್ಣ ಮಾತು ನೆನೆಯುತ್ತಾರೆ?

ಎರಡನೆಯದಾಗಿ ಸಾಕ್ಷಿಗೊಂದು ಅಧ್ಯಾಯ ಮಾಡಿದೆ. ನೌಕಾ ಸಚಿವ ವೆಲ್ಸ್ ಕಂಡ ಲಿಂಕನ್, ಚಿತ್ರಕಾರ ಕಾರ್ಪೆಂಟರ್ ಕಂಡ ಲಿಂಕನ್, ಹೀಗೆ. ಒಬ್ಬ ಪ್ರಕಾಶಕರಿಗೆ ಅದು ಹಿಡಿಸಿತು ಕೂಡ. ಆದರೆ ಒಂದೇ ಸಚಿವ ಸಂಪುಟ ಸಭೆ ನಾಲ್ಕು ಕಡೆ ಬಂದು ಕೂತಿತು, ಓದುವವರಿಗೆ ಹಿಂದುಮುಂದು ತಿಳಿಯದಾಯಿತು. ಮೂರನೆಯದಾಗಿ ಎಲ್ಲವನ್ನೂ ಎಕ್ಸೆಲ್‌ಗೆ ಏರಿಸಿದೆ. ಹಳೆಯ ಇತಿಹಾಸದ ಕೆಲಸಕ್ಕೆ ಅದನ್ನು ನೆಚ್ಚುವವರು ಒಂದು ವಿಷಯ ತಿಳಿದಿರಬೇಕು: 1900ಕ್ಕಿಂತ ಹಿಂದಿನ ತಾರೀಖನ್ನು ಅದು ತಾರೀಖೆಂದೇ ಗುರುತಿಸುವುದಿಲ್ಲ. 1862ರ ಏಪ್ರಿಲ್ ಹೋಗಿ 1864ರ ಏಪ್ರಿಲ್ ಪಕ್ಕದಲ್ಲಿ ಕೂತಿತು. ವರ್ಷವನ್ನು ಮೊದಲು ಬರೆದರೆ ಸರಿಹೋಗುತ್ತದೆ ಎಂದು ಮಗಳು ತೋರಿಸಿಕೊಟ್ಟಳು. ಅಷ್ಟು ಹೊತ್ತಿಗೆ ನಾನು ಕಾಗದಕ್ಕೆ ಮರಳಿದ್ದೆ.

ಚೀಟಿಯ ವಿಚಾರ ಇಷ್ಟೇ. ಪೋಸ್ಟ್‌ಕಾರ್ಡ್ ಅಳತೆಯ ರಟ್ಟು, ಪ್ರೆಸ್ಸಿನಲ್ಲಿ ಕತ್ತರಿಸಿ ಉಳಿದದ್ದು ಕಿಲೋ ಲೆಕ್ಕದಲ್ಲಿ ಸಿಗುತ್ತದೆ. ಒಂದು ಘಟನೆಗೆ, ಒಬ್ಬ ಸಾಕ್ಷಿಗೆ ಒಂದೇ ಚೀಟಿ. ಮೇಲೆ ಮೂರು ತಾರೀಖು: ಘಟನೆ ನಡೆದದ್ದು, ಸಾಕ್ಷಿ ಬರೆದದ್ದು, ಅಚ್ಚಾದದ್ದು. ಮೊದಲ ಎರಡರ ನಡುವೆ ವಾರದೊಳಗಿನ ಅಂತರವಿದ್ದರೆ ಬಿಳಿ ಚೀಟಿ. ಮೂರು ನಾಲ್ಕು ವರ್ಷದವರೆಗೆ ಹಳದಿ. ಅದಕ್ಕೂ ಆಚೆಗೆ ನೀಲಿ. 1960ರಲ್ಲಿ ಮೂರು ಸಂಪುಟಗಳಾಗಿ ಬಂದ, ಲಿಂಕನ್ ಅವರ ದಿನದಿನದ ಚಲನವಲನದ ಪಟ್ಟಿಯನ್ನು ಬೆನ್ನೆಲುಬಾಗಿ ಇಟ್ಟುಕೊಂಡು ಚೀಟಿಗಳನ್ನು ತಾರೀಖಿನ ಪ್ರಕಾರ ಜೋಡಿಸಿದೆ. ನೀಲಿ ಚೀಟಿಗೆ ಬಿಳಿಯ ಆಸರೆ ಸಿಗದಿದ್ದರೆ ಅದಕ್ಕೆ ಮುಖ್ಯ ಪಠ್ಯದಲ್ಲಿ ಜಾಗವಿಲ್ಲ. ಪುಟದ ಅಡಿಯಲ್ಲಿ ಸಣ್ಣ ಅಕ್ಷರದಲ್ಲಿ ನಿಲ್ಲಬೇಕು. ವಕೀಲ ಗೆಳೆಯರೊಬ್ಬರಿಗೆ ಇದು ಒಡನೆಯೇ ಅರ್ಥವಾಯಿತು. ಸ್ಥಳದಲ್ಲೇ ಬರೆದ ಪಂಚನಾಮೆಗೂ ಹತ್ತು ವರ್ಷದ ಮೇಲೆ ಕಟಕಟೆಯಲ್ಲಿ ನಿಂತು ಹೇಳುವ ಮಾತಿಗೂ ಇರುವ ವ್ಯತ್ಯಾಸವೇ ಇದು ಎಂದರು. ಪ್ರಕಾಶಕರಿಗೆ ಅರ್ಥವಾಗಲಿಲ್ಲ. ‘ತಾರೀಖು ನೋಡಿ ಯಾರು ಕಣ್ಣೀರು ಹಾಕುತ್ತಾರೆ?’ ಎಂದು ಹಸ್ತಪ್ರತಿ ಹಿಂದಕ್ಕೆ ಕೊಟ್ಟರು.

ಹಾಕುತ್ತಾರೆ. 1862ರ ಸೆಪ್ಟೆಂಬರ್ 22ರ ಪುಟವೇ ಸಾಕ್ಷಿ. ಅಂದು ಗುಲಾಮರ ವಿಮೋಚನೆಯ ಘೋಷಣೆಯನ್ನು ಲಿಂಕನ್ ಸಂಪುಟದ ಮುಂದೆ ಇಟ್ಟರು. ಆ ಸಭೆಯಲ್ಲಿ ಕೂತಿದ್ದ ಇಬ್ಬರು ದಿನಚರಿ ಬರೆಯುತ್ತಿದ್ದವರು: ವೆಲ್ಸ್ ಮತ್ತು ಹಣಕಾಸು ಸಚಿವ ಚೇಸ್. ಎರಡೂ ಬಿಳಿ ಚೀಟಿ. ದೇವರು ಗೆಲುವು ಕೊಟ್ಟರೆ ಈ ಹೆಜ್ಜೆ ಇಡುತ್ತೇನೆಂದು ಅಧ್ಯಕ್ಷರು ಹರಕೆ ಹೊತ್ತಿದ್ದರಂತೆ ಎಂದು ವೆಲ್ಸ್ ಬರೆಯುತ್ತಾರೆ. ಚೇಸ್ ಬರೆಯುವುದು ಬೇರೆ ಕಡೆಯಿಂದ. ಹಾಸ್ಯಗಾರ ಆರ್ಟಿಮಸ್ ವಾರ್ಡ್ ತಮ್ಮ ಪುಸ್ತಕ ಕಳಿಸಿದ್ದರಂತೆ; ಲಿಂಕನ್ ಮೊದಲು ಅದರ ಒಂದು ಅಧ್ಯಾಯವನ್ನು ಓದಿ ಹೇಳಿ ಖುಷಿಪಟ್ಟರು, ಯುದ್ಧ ಸಚಿವ ಸ್ಟ್ಯಾಂಟನ್ ಒಬ್ಬರನ್ನು ಬಿಟ್ಟು ಉಳಿದವರೂ ಖುಷಿಪಟ್ಟರು. ಆಮೇಲೆ ದನಿ ಗಂಭೀರವಾಯಿತು. ಯಾರಿಗೂ ಹೇಳದೆ ನನಗೆ ನಾನೇ ಮಾತು ಕೊಟ್ಟುಕೊಂಡಿದ್ದೆ ಎಂದರು, ಹಾಗೂ ನನ್ನ ಸೃಷ್ಟಿಕರ್ತನಿಗೆ ಎಂದರು. ಈ ಎರಡರ ನಡುವೆ ಚೇಸ್ ಕಂಸದಲ್ಲಿ ಒಂದು ಟಿಪ್ಪಣಿ ಹಾಕಿದ್ದಾರೆ: ಸ್ವಲ್ಪ ತಡವರಿಸಿ. ಲಕ್ಷಾಂತರ ಮಂದಿಯ ಬಿಡುಗಡೆಯ ಕಾಗದವನ್ನು ಕೈಯಲ್ಲಿ ಹಿಡಿದು, ದೇವರ ಹೆಸರೆತ್ತುವ ಮುನ್ನ ಆ ಮನುಷ್ಯ ಒಂದು ಕ್ಷಣ ತಡೆದದ್ದು ಅಂದೇ ದಾಖಲಾಯಿತು. ಮೈಸೂರಿನಲ್ಲಿ ಸುಮಾರು ಅರವತ್ತು ಜನರ ಮುಂದೆ ಈ ಎರಡು ಚೀಟಿಗಳನ್ನು ಅಕ್ಕಪಕ್ಕ ಇಟ್ಟು ಓದಿದೆ. ಸಭೆ ಮುಗಿದ ಮೇಲೆ ತಂದಿದ್ದ ನಲವತ್ತು ಪ್ರತಿಗಳಲ್ಲಿ ಒಂದೂ ಉಳಿಯಲಿಲ್ಲ.

ಪದ್ಧತಿಯ ಬಲ ಚೆನ್ನಾಗಿ ಕಾಣುವುದು ಕನಸಿನ ಕಥೆಗಳಲ್ಲಿ. ಕೊಲೆಗೆ ಮುನ್ನ ಲಿಂಕನ್ ಕಂಡ ಕನಸೆಂದು ಎಲ್ಲರಿಗೂ ಗೊತ್ತಿರುವುದು ಶ್ವೇತಭವನದ ಪೂರ್ವ ಕೋಣೆಯಲ್ಲಿ ಮಲಗಿಸಿದ್ದ ಶವದ್ದು. ಹೇಳಿದವರು ಗೆಳೆಯ ವಾರ್ಡ್ ಹಿಲ್ ಲ್ಯಾಮನ್. ಅಚ್ಚಾದದ್ದು 1895ರಲ್ಲಿ, ಅವರು ತೀರಿಕೊಂಡ ಮೇಲೆ, ಮಗಳ ಸಂಪಾದನೆಯಲ್ಲಿ. ಕಡುನೀಲಿ ಚೀಟಿ. ರಣರಂಗದ ತಂತಿಗಾಗಿ ಕಾಯುತ್ತಾ ತಡವಾಗಿ ಮಲಗಿದ ರಾತ್ರಿ, ಸುಮಾರು ಹತ್ತು ದಿನದ ಹಿಂದೆ ಈ ಕನಸು ಬಿತ್ತು ಎಂದು ಲಿಂಕನ್ ಕೊಲೆಗೆ ಕೆಲವೇ ದಿನ ಮುಂಚೆ ಹೇಳಿದರಂತೆ. ಚೀಟಿ ಜೋಡಿಸಿ ನೋಡಿ: 1865ರ ಮಾರ್ಚ್ 24ರಿಂದ ಏಪ್ರಿಲ್ 8ರವರೆಗೆ ಅವರು ಇದ್ದದ್ದು ವರ್ಜೀನಿಯಾದ ಸಿಟಿ ಪಾಯಿಂಟ್‌ನಲ್ಲಿ, ಸೇನಾಪತಿ ಗ್ರಾಂಟ್ ಅವರ ಪಾಳೆಯದ ಹತ್ತಿರ. ರಣರಂಗದ ಬಾಗಿಲಲ್ಲೇ ಇದ್ದವರು ವಾಷಿಂಗ್ಟನ್‌ನಲ್ಲಿ ರಣರಂಗದ ತಂತಿಗೆ ಹೇಗೆ ಕಾದರು? ವೆಲ್ಸ್ ದಿನಚರಿಯ ಏಪ್ರಿಲ್ 14ರ, ಅಂದರೆ ಲಿಂಕನ್ ಅವರಿಗೆ ಗುಂಡೇಟು ಬಿದ್ದ ದಿನದ ದಾಖಲೆಯಲ್ಲಿ, ಅಂದಿನ ಸಂಪುಟ ಸಭೆಯಲ್ಲಿ ಅವರು ಹೇಳಿದ ಇನ್ನೊಂದು ಕನಸಿದೆ. ವಿಚಿತ್ರವಾದ ನೌಕೆಯೊಂದರಲ್ಲಿ ವೇಗವಾಗಿ ಸಾಗುವ ಕನಸು, ದೊಡ್ಡ ಕದನಗಳ ಮುಂಚೆ ಬೀಳುತ್ತಿದ್ದದ್ದು. ಲಿಂಕನ್ ಕದನಗಳ ಹೆಸರು ಹೇಳುತ್ತಾ ಸ್ಟೋನ್ ರಿವರ್ ಎಂದಾಗ, ಅದು ಗೆಲುವೇ ಅಲ್ಲ ಎಂದು ಸಭೆಯಲ್ಲಿದ್ದ ಗ್ರಾಂಟ್ ನಡುವೆ ಬಾಯಿ ಹಾಕುತ್ತಾರೆ. ಕಟ್ಟುಕಥೆ ಹೆಣೆಯುವವರಿಗೆ ಇಂಥ ಅಡ್ಡಮಾತು ಹೊಳೆಯುವುದಿಲ್ಲ. ಸಭೆಯಲ್ಲಿ ಕೂತು ಕೇಳಿಸಿಕೊಂಡವರು ಮಾತ್ರ ಅದನ್ನು ಬರೆದಿಟ್ಟುಕೊಳ್ಳುತ್ತಾರೆ.

ವೆಲ್ಸ್ ಅವರನ್ನು ಇಷ್ಟು ನಂಬುವುದಕ್ಕೂ ಬೆಲೆ ತೆರಬೇಕಾಯಿತು, ಅಕ್ಷರಶಃ. 1911ರ ಮೂರು ಸಂಪುಟಗಳು ಅಂತರ್ಜಾಲದಲ್ಲಿ ಬಿಟ್ಟಿ ಸಿಗುತ್ತವೆ. ಆದರೆ ವೆಲ್ಸ್ ಮುಪ್ಪಿನಲ್ಲಿ ತಮ್ಮ ದಿನಚರಿಯನ್ನು ತಾವೇ ತಿದ್ದಿದ್ದರು, ಆ ತಿದ್ದುಪಡಿಗಳೆಲ್ಲ ಅದರಲ್ಲಿ ಗುರುತಿಲ್ಲದೆ ಸೇರಿಹೋಗಿವೆ. ಬಿಳಿಯ ನಡುವೆ ನೀಲಿ. ಯಾವುದು ಅಂದಿನದು, ಯಾವುದು ಆಮೇಲಿನದು ಎಂದು ಗುರುತಿಸಿ ಕೊಟ್ಟದ್ದು 1960ರ ಬೀಲ್ ಆವೃತ್ತಿ. ಹಳೆಯ ಪ್ರತಿಯನ್ನು ಅಮೆರಿಕದಿಂದ ತರಿಸಿದೆ. ಪುಸ್ತಕಕ್ಕಿಂತ ಅಂಚೆ ವೆಚ್ಚವೇ ಹೆಚ್ಚಾಯಿತು, ಮೇಲೆ ಸುಂಕ. ಎಲ್ಲ ಸೇರಿ ಒಂಬತ್ತು ಹತ್ತು ಸಾವಿರ. ಜಾನ್ ಹೇ ದಿನಚರಿಯದೂ ಇದೇ ಕಥೆ. ಅವರ ಪತ್ನಿ 1908ರಲ್ಲಿ ಅಚ್ಚು ಹಾಕಿಸಿದ ಪ್ರತಿಯಲ್ಲಿ ಹೆಸರುಗಳ ಬದಲು ಬರೀ ಮೊದಲಕ್ಷರ. 1997ರ ಬರ್ಲಿಂಗೇಮ್ ಆವೃತ್ತಿಗೆ ಇನ್ನೊಂದು ನಾಲ್ಕು ಸಾವಿರ ಕೊಟ್ಟೆ, ಒಂದು ರೂಪಾಯಿಯೂ ವ್ಯರ್ಥವಾಗಲಿಲ್ಲ. 1864ರ ಏಪ್ರಿಲ್ 30ರ ದಾಖಲೆ ನೋಡಿ. ನಡುರಾತ್ರಿ ಕಳೆದಿದೆ. ಅಧ್ಯಕ್ಷರು ನಗುತ್ತಾ ಕಚೇರಿಗೆ ಬಂದು ಹುಡ್ ಎಂಬ ಹಾಸ್ಯಕವಿಯ ಪುಸ್ತಕದ ವ್ಯಂಗ್ಯಚಿತ್ರವೊಂದನ್ನು ಕಾರ್ಯದರ್ಶಿಗಳಿಗೆ ತೋರಿಸುತ್ತಾರೆ. ಗಿಡ್ಡ ಅಂಗಿ ಉದ್ದ ಕಾಲುಗಳ ಮೇಲೆ ಉಷ್ಟ್ರಪಕ್ಷಿಯ ಬಾಲದಂತೆ ಹಿಂದಕ್ಕೆ ಚಾಚಿಕೊಂಡಿತ್ತು, ಪುಸ್ತಕದ ಚಿತ್ರಕ್ಕಿಂತ ಅದೇ ನಗು ತರಿಸುವಂತಿತ್ತು, ಅವರಿಗೆ ಮಾತ್ರ ಅದರ ಪರಿವೆಯೇ ಇರಲಿಲ್ಲ ಎನ್ನುತ್ತಾರೆ ಹೇ. ಇದೇ ಹೇ 1890ರ ಹತ್ತು ಸಂಪುಟಗಳ ಸಹಲೇಖಕರು. ಒಬ್ಬನೇ ಮನುಷ್ಯ ಇಪ್ಪತ್ತೈದರ ಹರೆಯದಲ್ಲಿ ರಾತ್ರಿ ಬರೆದದ್ದನ್ನೂ ಐವತ್ತರ ಅಂಚಿನಲ್ಲಿ ರಾಬರ್ಟ್ ಕಣ್ಣೆದುರು ಬರೆದದ್ದನ್ನೂ ಪಕ್ಕಪಕ್ಕ ಇಟ್ಟು ಓದಿದರೆ ನನ್ನ ಚೀಟಿಗಳ ಬಗ್ಗೆ ಬೇರೆ ವಾದವೇ ಬೇಡ.

ನಿಯಮಕ್ಕೆ ಸಿಕ್ಕದವರು ಒಬ್ಬರಿದ್ದಾರೆ, ಎಲಿಜಬೆತ್ ಕೆಕ್ಲಿ. ಗುಲಾಮಳಾಗಿ ಹುಟ್ಟಿ, 1,200 ಡಾಲರ್ ತೆತ್ತು ತನ್ನ ಮತ್ತು ಮಗನ ಬಿಡುಗಡೆ ಕೊಂಡುಕೊಂಡು, ಶ್ರೀಮತಿ ಲಿಂಕನ್ ಅವರಿಗೆ ಬಟ್ಟೆ ಹೊಲಿಯುತ್ತಿದ್ದವರು. 1862ರ ಫೆಬ್ರವರಿ 20ರಂದು ಲಿಂಕನ್ ಅವರ ಹನ್ನೊಂದು ವರ್ಷದ ಮಗ ವಿಲ್ಲಿ ಸತ್ತಾಗ ಮಗುವಿಗೆ ಸ್ನಾನ ಮಾಡಿಸಿ ಬಟ್ಟೆ ತೊಡಿಸಿದ್ದು ಅವರು. ತಂದೆ ಬಂದು ಮುಖದ ಮೇಲಿನ ಹೊದಿಕೆ ಸರಿಸಿ ನೋಡಿ ಅತ್ತದ್ದನ್ನು ಮಂಚದ ಕಾಲ ಬಳಿ ನಿಂತು ಕಂಡವರು. ತಮ್ಮ ಒಬ್ಬನೇ ಮಗನನ್ನು ಅವರು ಅದೇ ಯುದ್ಧದಲ್ಲಿ, 1861ರ ಆಗಸ್ಟ್‌ನಲ್ಲೇ ಕಳೆದುಕೊಂಡಿದ್ದರು. ಅವರ ಪುಸ್ತಕ 1868ರದು, ಮೇರಿ ಲಿಂಕನ್ ಅವರ ಖಾಸಗಿ ಪತ್ರಗಳು ಅದರಲ್ಲಿ ಅಚ್ಚಾದುದರಿಂದ ದೊಡ್ಡ ರಾದ್ಧಾಂತವಾಗಿ ಗೆಳೆತನವೇ ಮುರಿದುಬಿತ್ತು. ನನ್ನ ಲೆಕ್ಕದಲ್ಲಿ ಆರು ವರ್ಷದ ಅಂತರ, ನೀಲಿ. ಆದರೂ ಮುಖ್ಯ ಪಠ್ಯದಲ್ಲೇ ಇಟ್ಟೆ. ಆ ಕೋಣೆಯೊಳಗಿನ ಕಣ್ಣುಗಳು ಅವರವು, ಬೇರೆ ಯಾರ ಚೀಟಿಯೂ ಅಲ್ಲಿಗೆ ತಲುಪುವುದಿಲ್ಲ. ಇಂಥ ಸಂದರ್ಭಗಳಲ್ಲಿ ಸಾಕ್ಷಿಯ ಉಳಿದ ಮಾತುಗಳನ್ನು ತೂಗಿ ನೋಡಲು ನನ್ನದೇ ಒಂದು ಕ್ರಮವಿದೆ. ಅದನ್ನು ಇಲ್ಲಿ ಬಿಟ್ಟುಕೊಡುವುದಿಲ್ಲ, ಮುಂದಿನ ಪುಸ್ತಕ ನಿಂತಿರುವುದೇ ಅದರ ಮೇಲೆ. ಚೀಟಿಯ ಹಿಂಬದಿಯಲ್ಲಿ ಏನು ಬರೆಯುತ್ತೇನೆ ಎಂಬುದನ್ನೂ ಕೇಳಬೇಡಿ.

ನಡುವೆ ಇದೇ ಪದ್ಧತಿಯನ್ನು ನಮ್ಮ ರಾಧಾಕೃಷ್ಣನ್ ಅವರ ಮೇಲೆ ಪ್ರಯೋಗಿಸಿದೆ. 1962ರಲ್ಲೂ 1965ರಲ್ಲೂ ಯುದ್ಧದ ಹೊತ್ತಿಗೆ ರಾಷ್ಟ್ರಪತಿ ಅವರೇ. 1962ರ ಯುದ್ಧದ ಬಗ್ಗೆ ಕೌಲ್, ದಳ್ವಿ ಮುಂತಾದ ಸೇನಾಧಿಕಾರಿಗಳ ಪುಸ್ತಕಗಳು ಐದರಿಂದ ಏಳು ವರ್ಷದೊಳಗೆ ಬಂದಿವೆ. ಆದರೆ ಅವುಗಳ ಜಗಳವೆಲ್ಲ ನೆಹರೂ, ರಕ್ಷಣಾ ಸಚಿವ ಮೆನನ್, ಸೇನೆಯ ಸುತ್ತ; ರಾಷ್ಟ್ರಪತಿ ಭವನದೊಳಗಿನ ಬಿಳಿ ಚೀಟಿ ನನ್ನ ಕೈಗೆ ಹತ್ತಲಿಲ್ಲ. ಮಗ ಗೋಪಾಲ್ ಬರೆದ 1989ರ ಜೀವನಚರಿತ್ರೆ ದಿಟ್ಟವಾದದ್ದು, ಆದರೂ ದೂರದ್ದು. 1921ರಲ್ಲಿ ಮೈಸೂರು ಬಿಟ್ಟು ಕಲ್ಕತ್ತೆಗೆ ಹೊರಟ ಮೇಷ್ಟ್ರ ಸಾರೋಟನ್ನು ವಿದ್ಯಾರ್ಥಿಗಳೇ ರೈಲು ನಿಲ್ದಾಣಕ್ಕೆ ಎಳೆದರಲ್ಲ, ಅದಕ್ಕೆ ಅದೇ ವಾರದ ಬರಹ ಸಿಗಬಹುದೆಂದು ಹಳೆಯ ಪತ್ರಿಕೆಗಳ ಹಿಂದೆ ಬಿದ್ದೆ. ಓಡಾಟ, ನಕಲು ಪ್ರತಿ ಸೇರಿ ಐದಾರು ಸಾವಿರ ಖರ್ಚಾಯಿತು. ಈಗ ಆ ಕಟ್ಟು ಕಪಾಟಿನಲ್ಲಿದೆ. ಮೈಸೂರಿನ ಹಳೆಯ ಮನೆಗಳಲ್ಲಿ ಆ ವರ್ಷದ ದಿನಚರಿ ಯಾರಲ್ಲಾದರೂ ಇದ್ದರೆ ಬಂದು ನೋಡಲು ಸಿದ್ಧನಿದ್ದೇನೆ.

ಇನ್ನೊಂದು ಪ್ರಯೋಗ ಜನರಿಗೆ ರುಚಿಸಲಿಲ್ಲ. ಶಿಕ್ಷಕರ ದಿನದಂದು ನಮ್ಮ ಶಾಲೆಗಳಲ್ಲಿ ಓದುವ, ಮಗನ ಮೇಷ್ಟ್ರಿಗೆ ಲಿಂಕನ್ ಬರೆದರೆನ್ನುವ ಪತ್ರಕ್ಕೆ ಚೀಟಿ ಮಾಡಹೊರಟೆ. ಬರೆದ ತಾರೀಖು ಇಲ್ಲ, ಮೂಲ ಪ್ರತಿ ಇಲ್ಲ. 1953ರಿಂದ ಬಂದ ಬಾಸ್ಲರ್ ಸಂಪಾದಿತ ಸಮಗ್ರ ಬರಹಗಳಲ್ಲಿ ಅದರ ಸುಳಿವೂ ಇಲ್ಲ. ಒಂದು ಶಾಲೆಯ ಸಮಾರಂಭದಲ್ಲಿ ಇದನ್ನು ಹೇಳಿದಾಗ ಸಭೆ ಮುಖ ಗಂಟಿಕ್ಕಿತು. ಹೇಳದೆ ಬಿಡುವುದು ಮಕ್ಕಳಿಗೆ ಮಾಡುವ ಅನ್ಯಾಯ ಎಂದು ಇಂದಿಗೂ ನಂಬಿದ್ದೇನೆ. ತಡವರಿಸಿ ದೇವರ ಹೆಸರು ಹೇಳಿದ ನಿಜವಾದ ಲಿಂಕನ್ ಇರುವಾಗ ಯಾರೋ ಹೊಸೆದ ಪತ್ರ ಏಕೆ ಬೇಕು?

ದುಡ್ಡಿನ ಲೆಕ್ಕ. ಪುಸ್ತಕಗಳಿಗೇ ಮೂವತ್ತು ಸಾವಿರದ ಹತ್ತಿರ ಹೋಯಿತು. ಮುನ್ನೂರ ಇಪ್ಪತ್ತು ಪುಟ, ಡೆಮಿ ಅಳತೆ, ಐನೂರು ಪ್ರತಿ: ಡಿಟಿಪಿ, ಕರಡು ತಿದ್ದುವಿಕೆ, ಮುಖಪುಟ, ಅಚ್ಚು, ಬೈಂಡಿಂಗ್ ಸೇರಿ ಎಪ್ಪತ್ತು ಸಾವಿರ ದಾಟಿತು. ಅಡಿಟಿಪ್ಪಣಿಯ ಪುಟಗಳಿಗೆ ಡಿಟಿಪಿಯವರು ಹೆಚ್ಚು ದರ ಕೇಳುತ್ತಾರೆ, ಮೊದಲೇ ಮಾತಾಡಿಕೊಳ್ಳಿ. ಬೆಲೆ 350 ಇಟ್ಟೆ. ಅಂಗಡಿಯವರು ನಲವತ್ತು ಪರ್ಸೆಂಟ್ ಹಿಡಿದುಕೊಳ್ಳುತ್ತಾರೆ. ಒಬ್ಬ ವಿತರಕರು ಎಂಬತ್ತು ಪ್ರತಿ ಒಯ್ದು ಇಂದಿಗೂ ಹಣ ಕೊಟ್ಟಿಲ್ಲ. ಕೈ ಹಿಡಿದದ್ದು ನೇರ ಮಾರಾಟ: ಓದಿನ ಸಭೆಗಳು, ಇತಿಹಾಸ ವಿಭಾಗಗಳು, ವಾಟ್ಸಾಪ್‌ನಲ್ಲಿ ಬಂದ ಬೇಡಿಕೆಗಳು. ಅಚ್ಚಿನ ಹಣ ಹದಿನಾಲ್ಕು ಹದಿನೈದು ತಿಂಗಳಲ್ಲಿ ಮರಳಿತು. ಹಸ್ತಪ್ರತಿ ಹಿಂದಿರುಗಿಸಿದ್ದ ಪ್ರಕಾಶಕರೇ ಎರಡನೆಯ ಮುದ್ರಣದ ಸಾವಿರ ಪ್ರತಿ ಹಾಕಿದ್ದಾರೆ, ಗೌರವಧನ ಮುಂಗಡ ಕೊಟ್ಟು.

ಮುಂದಿನದು 1865ರ ಏಪ್ರಿಲ್ 4ರ ಒಂದೇ ದಿನದ ಪುಸ್ತಕ, ದಕ್ಷಿಣದ ಬಂಡುಕೋರರ ರಾಜಧಾನಿಯಾಗಿದ್ದ ರಿಚ್ಮಂಡ್‌ನ ಬೀದಿಯಲ್ಲಿ ಲಿಂಕನ್ ನಡೆದ ದಿನ. ನೌಕಾಧಿಕಾರಿ ಪೋರ್ಟರ್ 1885ರಲ್ಲಿ ಬರೆದ ಪ್ರಕಾರ ಕಪ್ಪು ಮುದುಕನೊಬ್ಬ ಅವರ ಮುಂದೆ ಮಂಡಿಯೂರಿದ, ದೇವರಿಗೆ ಮಾತ್ರ ಮಂಡಿಯೂರಬೇಕು ಎಂದು ಲಿಂಕನ್ ತಡೆದರು. ಪತ್ರಕರ್ತ ಕಾಫಿನ್ 1865ರ ಜೂನ್‌ನಲ್ಲೇ ಪ್ರಕಟಿಸಿದ ಲೇಖನದಲ್ಲಿ ಮುದುಕ ಟೋಪಿ ತೆಗೆದು ಹರಸುತ್ತಾನೆ, ಲಿಂಕನ್ ತಾವೂ ಟೋಪಿ ತೆಗೆದು ತಲೆಬಾಗುತ್ತಾರೆ. ಫಿಲಡೆಲ್ಫಿಯಾ ಪ್ರೆಸ್ ಪತ್ರಿಕೆಯ ಕಪ್ಪು ವರದಿಗಾರ ಥಾಮಸ್ ಮಾರಿಸ್ ಚೆಸ್ಟರ್ ಏಪ್ರಿಲ್ 4ರಂದೇ ಬಂಡುಕೋರರ ಶಾಸನಸಭೆಯ ಸಭಾಪತಿ ಕುರ್ಚಿಯಲ್ಲೇ ಕೂತು ವರದಿ ಬರೆದರು. ಆ ವರದಿಗಳ ಸಂಪುಟಕ್ಕೆ ದುಡ್ಡು ಕಟ್ಟಿದ್ದೇನೆ, ಇನ್ನೂ ಕೈಸೇರಿಲ್ಲ. ಮುಖಪುಟಕ್ಕೆ ಮಂಡಿಯೂರಿದ ಚಿತ್ರವೇ ಬೇಕೆಂದು ಪ್ರಕಾಶಕರು ಪಟ್ಟು ಹಿಡಿದಿದ್ದಾರೆ. ಟೋಪಿ ತೆಗೆದ ಚಿತ್ರ ಹಾಕದಿದ್ದರೆ ಹಸ್ತಪ್ರತಿ ಕೊಡುವುದಿಲ್ಲ ಎಂದು ನಾನು ಬರೆದು ತಿಳಿಸಿದ್ದೇನೆ.